ನಾಕೇ ನಾಕು ಸಿನಿಮಾ ಮಾಡಿದಂವಗ ಡೈರೆಕ್ಟರ್ ಅಂತೀರೇನ್ರಿ?

ಡೋಣಿ ದಂಡಿ (ವಿಜಯಪುರ)
ನಮಸ್ಕಾರ್ರಿ ಎಲ್ಲಾರಿಗೂ. ಮೊದಲೇ ಹೇಳಿಬಿಡ್ತೀನಿ, ಇದು ಬೈಕ್ ಮ್ಯಾಲ ಹಾರೋ ಹಿಂದಿ ಹೀರೋ ಜಾನ್ ಅಬ್ರಹಾಂನ ಸುದ್ದಿ ಅಲ್ಲ. ಕೇರಳದ ಡೈರೆಕ್ಟರ್ ಜಾನ್ ಅಬ್ರಹಾಂ. 1937ರಾಗ ಹುಟ್ಟಿ 1987ರಾಗ ತೀರಿಕೊಂಡಂವ.

ನಾವು ಆರೇಳು ಮಂದಿ ದೋಸ್ತರು ತಿಂಗಳಿಗೊಂದು ಐತವಾರ ಕೂಡಿ ಸಿನಿಮಾ ನೋಡ್ತೀವಿ. ಸ್ಟೇಷನ್ ರೋಡಿನ ಕಡೆ ಒಬ್ಬನ ಅಂಗಡಿ ಮ್ಯಾಲಿನ ಕೋಣಿ, ಗ್ವಾಡಿಗೆ ಬಿಳಿ ಧೋತರ, ಹಳೇ ಪ್ರೊಜೆಕ್ಟರ್. ಹೋದ ಐತವಾರ ಈ ಜಾನ್‌ನ ಕಡೀ ಸಿನಿಮಾ 'ಅಮ್ಮ ಅರಿಯಾನ್' ಹಚ್ಚಿದ್ವಿ. ಒಬ್ಬ ಹುಡುಗ ದಿಲ್ಲಿಗೆ ಹೊಂಟಿರ್ತಾನ, ಅವ್ವಗ ಹೇಳಿ. ವಯನಾಡಿನ ಹಾದ್ಯಾಗ ಒಂದು ಹೆಣ ಕಾಣ್ತದ. ಮಾರಿ ಎಲ್ಲೋ ನೋಡಿದಂಗದ. ಕೇಳ್ಕೋತ ಹೋದ್ರ ಅಂವ ಹರಿ ಅಂತ, ತಬಲಾ ಬಾರಿಸೋ ಹುಡುಗ. ಅವನ ಅವ್ವ ಕೊಚ್ಚಿಯೊಳಗ ಇರ್ತಾಳ. ಅಕಿಗೆ ಸುದ್ದಿ ಮುಟ್ಟಿಸಬೇಕಂತ ಹೊಂಡ್ತಾನ. ಹಾದಿಗುಂಟ ಒಬ್ಬೊಬ್ಬ ಗೆಳೆಯ ಕೂಡ್ಕೋತ ಹೋಗ್ತಾನ, ಪ್ರತಿ ಮನಿ ಬಾಗಲದಾಗ ಒಬ್ಬಾಕಿ ಅವ್ವ. ಕತಿ ಇಷ್ಟೇ. ಕಪ್ಪು ಬಿಳುಪು, ಎರಡು ತಾಸಿಗೆ ಐದು ಮಿನಿಟು ಕಮ್ಮಿ.

ಮೂರು ಮಂದಿ ನಿದ್ದಿ ಹೊಡದ್ರು. ಒಬ್ಬ ಚಾಕ್ಕಂತ ಕೆಳಗ ಹೋದಂವ ತಿರುಗಿ ಬರಲೇ ಇಲ್ಲ. ಒಬ್ಬ ಕಣ್ಣೀರು ಹಾಕಿದ. ಆಮ್ಯಾಲ ಶುರು ಆತು ಜಗಳ. 1972, 1977, 1979, 1986. ಹದಿನಾಕು ವರ್ಷಕ್ಕ ನಾಕೇ ನಾಕು ಸಿನಿಮಾ, ಅದರಾಗ ಮೊದಲನೇದ್ದು ಯಾರೂ ನೆನಸಂಗಿಲ್ಲ. ಇದು ಕರಿಯರ್ರೇ ಅಲ್ಲ ಅಂತ ಒಬ್ಬ, ಇದೇ ಕರಿಯರ್ ಅಂತ ಇನ್ನೊಬ್ಬ.

ಯಾಕ ಕೇಳ್ಲಾಕತ್ತೀನಿ ಅಂದ್ರ ನಾನು ಸಾಲಿ ಮಾಸ್ತರ. ಒಂದು ಸ್ಕ್ರಿಪ್ಟ್ ಮೂರು ವರ್ಷದಿಂದ ಟ್ರಂಕಿನಾಗ ಕುಂತದ. ಒಂದು ವರ್ಷ ಪಗಾರಿಲ್ಲದ ರಜಾ ಹಾಕಿ ಮಾಡಿಬಿಡಬೇಕು ಅಂತ ಮನಸ್ಸು. ಮನ್ಯಾಗ 'ಮೊದಲು ಅಡಗಿಮನಿ ಮ್ಯಾಲಿನ ಪತ್ರಾಸ ಬದಲಿಸ್ರಿ' ಅಂತಾಳ. ಮಳಿಗಾಲದಾಗ ರೊಟ್ಟಿ ಹಂಚಿನ ಮ್ಯಾಲ ಸೋರ್ತದ, ಅಕಿದೂ ತಪ್ಪಿಲ್ಲ.

ಮುಧೋಳ ಹುಡುಗ
ಸರ್, ನಾವು ಯೂಟ್ಯೂಬಿಗೆ ವಾರಕ್ಕೊಂದು ಕಾಮಿಡಿ ಬಿಡತೀವ್ರಿ. ಹದಿನಾಕು ವರ್ಷಕ್ಕ ಲೆಕ್ಕಾ ಹಾಕ್ರಿ, 700ರ ಮ್ಯಾಲ ಹೊಕ್ಕಾವು.

ಕುಂದಾ ಪ್ರಿಯ (ಬೆಳಗಾವಿ)
ಆ 700ರಾಗ ನಾಳಿಗೆ ಒಂದರ ನೆನಪ ಉಳಿತೈತೇನೋ ತಮ್ಮಾ?

ಮುಧೋಳ ಹುಡುಗ
ಮನಿ ಕರೆಂಟ್ ಬಿಲ್ ತುಂಬಿದ್ದು ನೆನಪ ಉಳಿತೈತ್ರಿ ಅಣ್ಣಾರ.

ಪಾಲಿಸಿ ಕಾಕಾ
ಜಾನ್ ಹೆಸರು ನೋಡಿ ಸುಮ್ಮನಿರಲು ಆಗಲಿಲ್ಲ. ನಾನು ಎಲ್‌ಐಸಿಯಿಂದ ನಿವೃತ್ತನಾದವನು. ಈ ಪುಣ್ಯಾತ್ಮ ಸಿನಿಮಾಕ್ಕೆ ಬರುವ ಮುಂಚೆ ನಮ್ಮ ಬಳ್ಳಾರಿಯ ಎಲ್‌ಐಸಿ ಕಚೇರಿಯಲ್ಲಿ ನೌಕರಿಯಲ್ಲಿದ್ದ! ಪಕ್ಕಾ ನೌಕರಿ. ಅದನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಹೋದ. ಅಲ್ಲಿ ಋತ್ವಿಕ್ ಘಟಕ್ ಪಾಠ ಹೇಳುತ್ತಿದ್ದರು. ಎಂಟು ಸಿನಿಮಾ ಮುಗಿಸಿ, 1976ರಲ್ಲಿ ಐವತ್ತು ತುಂಬಿದ ಸ್ವಲ್ಪ ದಿನಕ್ಕೇ ಹೋಗಿಬಿಟ್ಟ ಬಂಗಾಲದ ಘಟಕ್. ಅಂಥ ಗುರು ಸಿಕ್ಕ ಮೇಲೆ ಪ್ರೀಮಿಯಂ ಕಂತಿನ ಲೆಕ್ಕ ಯಾರಿಗೆ ಬೇಕು?

ಹಿಂದಿ ನಿರ್ದೇಶಕ ಮಣಿ ಕೌಲ್ ಅವರ ಮೊದಲ ಚಿತ್ರದಲ್ಲಿ ಜಾನ್ ಸಹಾಯಕನಾಗಿದ್ದ. ಅದು 1969ರ ಮಾತು. ಆ ಚಿತ್ರಕ್ಕೆ ಹಣ ಬಂದದ್ದು ಸರಕಾರದ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ನಿನಿಂದ. 1960ರಲ್ಲಿ ಶುರುವಾದ ಆ ಸಂಸ್ಥೆ ಸಾಲ ಕೊಡದೇ ಇದ್ದಿದ್ದರೆ ನಮ್ಮ ದೇಶದ ಪ್ರಯೋಗದ ಸಿನಿಮಾಗಳಲ್ಲಿ ಎಷ್ಟೋ ಕಾಗದದಲ್ಲೇ ಉಳಿಯುತ್ತಿದ್ದವು.

ಜಾನ್‌ನ ಎರಡನೆಯ ಚಿತ್ರ ತಮಿಳಿನಲ್ಲಿ, ಅಗ್ರಹಾರಕ್ಕೆ ಬಂದ ಕತ್ತೆಮರಿಯ ಕತೆ. ತಾಯಿ ಸತ್ತ ಕತ್ತೆಮರಿಯನ್ನು ಒಬ್ಬ ಪ್ರೊಫೆಸರ್ ಬ್ರಾಹ್ಮಣರ ಓಣಿಗೆ ತರುತ್ತಾನೆ. ಮೂಗಿ ಹುಡುಗಿಯೊಬ್ಬಳು ಸಾಕುತ್ತಾಳೆ. ಊರಿನವರು ಮೊದಲು ಅದನ್ನು ಹೊಡೆದು ಕೊಲ್ಲುತ್ತಾರೆ, ಆಮೇಲೆ ಅದೇ ಕತ್ತೆಗೆ ಗುಡಿ ಕಟ್ಟಲು ಹೊರಡುತ್ತಾರೆ. ಪ್ರೊಫೆಸರ್ ಪಾತ್ರ ಮಾಡಿದವರು ಸಂಗೀತ ನಿರ್ದೇಶಕ ಎಂ.ಬಿ. ಶ್ರೀನಿವಾಸನ್. 1977ರ ರಾಷ್ಟ್ರಪ್ರಶಸ್ತಿಗಳಲ್ಲಿ ಅದು ಶ್ರೇಷ್ಠ ತಮಿಳು ಚಿತ್ರ. ಅದೇ ವರ್ಷ ದೇಶದ ಶ್ರೇಷ್ಠ ಚಿತ್ರಕ್ಕೆ ಕೊಡುವ ಸ್ವರ್ಣಕಮಲ ಯಾರಿಗೆ ಗೊತ್ತೇ? ನಮ್ಮ ಗಿರೀಶ ಕಾಸರವಳ್ಳಿಯವರ 'ಘಟಶ್ರಾದ್ಧ'ಕ್ಕೆ. ಅವರೂ ಪುಣೆಯಲ್ಲಿ ಕಲಿತವರೇ. ಒಂದೇ ವರ್ಷ, ಎರಡು ಭಾಷೆ, ಎರಡೂ ಅಗ್ರಹಾರದ ಒಳಗಿನ ಕತೆ. ಒಬ್ಬರು ಆಮೇಲೆ ದಶಕಗಟ್ಟಲೆ ಚಿತ್ರ ಮಾಡಿದರು, ಇನ್ನೊಬ್ಬನಿಗೆ ಮತ್ತೆರಡೇ ಚಿತ್ರ ಸಾಧ್ಯವಾಯಿತು.

ಮಾಸ್ತರರಿಗೆ ನನ್ನ ಮಾತು: ನೌಕರಿ ಬಿಡಬೇಡಿ. ನಿಮಗೆ ಏಪ್ರಿಲ್-ಮೇ ಸೂಟಿ ಇದೆ.

ಡೋಣಿ ದಂಡಿ
ಕಾಕಾ, ಏಪ್ರಿಲ್-ಮೇದಾಗ ವಿಜಯಪುರದೊಳಗ ಶೂಟಿಂಗ್ ಮಾಡಿದ್ರ ಕ್ಯಾಮೆರಾಕ್ಕಿಂತ ಮೊದಲು ನಾ ಬಂದ್ ಬೀಳ್ತೀನಿ.

ಊರು ಬಿಟ್ಟಂವ
ಅಥಣಿ ಕಡೆಯಂವ ನಾ, ಈಗ ಬೆಂಗಳೂರಾಗ ಎಡಿಟಿಂಗ್ ರೂಮಿನ್ಯಾಗ ಅಸಿಸ್ಟೆಂಟ್. ಹನ್ನೊಂದು ವರ್ಷ ಆತು. ಮಂದಿ ಒಬ್ಬ ಜಾನ್‌ನ ಹೆಸರ ಹೇಳ್ಕೋತ ಅಡ್ಡಾಡತಾರ. ಹಾರ್ಡ್ ಡಿಸ್ಕ್ ಬಗಲಾಗ ಇಟ್ಕೊಂಡು ಬಂದು 'ಅಣ್ಣಾ, ಇಷ್ಟ ಕಟ್ ಮಾಡಿ ಕೊಡು, ಫೆಸ್ಟಿವಲ್ಲಿಗೆ ಕಳಸ್ತೀನಿ' ಅಂತ ಅತ್ತವರನ್ನ ನಾ ನೋಡೇನಿ. ಹೊಲಾ ಮಾರಿದವರು ಅದಾರ. ಅವರ ಹೆಸರ ಯಾವ ಪುಸ್ತಕದಾಗೂ ಬರಂಗಿಲ್ಲ. ಸಿನಿಮಾ ಕೆಟ್ಟದ್ದಿತ್ತೋ ಚಲೋ ಇತ್ತೋ ಅನ್ನೂದು ಆಮ್ಯಾಲಿನ ಮಾತು, ಅವನ್ನ ಯಾರೂ ನೋಡೇ ಇಲ್ಲ.

ಇನ್ನೊಂದು ಜಾತಿ ಐತಿ. ಸಬ್ಸಿಡಿ ಸಲುವಾಗೇ ಸಿನಿಮಾ ತಗ್ಯಾವ್ರು. ಹನ್ನೆರಡು ದಿನದಾಗ ಮುಗಸ್ತಾರ, ಒಂದು ಹಳ್ಳಿ, ಒಬ್ಬ ಮುದುಕ, ಒಂದು ಎಮ್ಮಿ. ಅವರಿಗೆ ಪ್ರೇಕ್ಷಕ ಬೇಕಾಗೇ ಇಲ್ಲ. ಪ್ರಯೋಗ ಅನ್ನೂ ಶಬ್ದ ಕೆಡಿಸಿದವರು ಅವರ.

ಕುಂದಾ ಪ್ರಿಯ
ಎಮ್ಮಿ ಯಾಕ ಬೈತೀರಿ ಪಾಪ.

ಹಿನ್ನೀರು (ಬಾಗಲಕೋಟೆ)
ಅಥಣಿ ಅಣ್ಣಾರು ಹೇಳಿದ ಮಂದ್ಯಾಗ ನಾನೂ ಒಬ್ಬಾಕಿ. ಬರಿಬಾರ್ದು ಅಂತಿದ್ದೆ, ಆದರೂ ಬರೀತೀನಿ.

ಹಳೇ ಬಾಗಲಕೋಟಿ ಆಲಮಟ್ಟಿ ಹಿನ್ನೀರಾಗ ಮುಳುಗಿದ್ದು ಎಲ್ಲಾರಿಗೂ ಗೊತ್ತೈತಿ. ನನ್ನ ಅಜ್ಜಿ ಮನಿ ಇದ್ದ ಓಣಿನೂ ಹೋತು. ನಾವು ನವನಗರದಾಗ ಸೆಕ್ಟರ್ ನಂಬರ್ ಬಾಯಿಪಾಠ ಮಾಡಿ ಬೆಳದವರು. ನೀರು ಇಳ್ಯಾಕ ಹತ್ತಿದ ಮ್ಯಾಲ ದಂಡಿಗುಂಟ ಹೋದ್ರ ಕಲ್ಲಿನ ಬುನಾದಿ ಕಾಣ್ತಾವು. ಒಬ್ಬಾಕಿ ಮುದುಕಿನ ಅಲ್ಲಿ ಕರ್ಕೊಂಡು ಹೋಗಿ 'ನಿಮ್ಮ ಮನಿ ತೋರಸ್ರಿ ಆಯಿ' ಅಂದ್ರ ಅಕಿ ಏನ ಮಾಡ್ತಾಳ? ಇಷ್ಟ ನನ್ನ ಸಿನಿಮಾ. 78 ಮಿನಿಟು. ಕತಿ ಇಲ್ಲ, ಹಾಡಿಲ್ಲ. ನಾಕು ಜನ ನಾವು: ಕ್ಯಾಮೆರಾ, ಸೌಂಡು, ನಾನು, ಮತ್ತ ಗಾಡಿ ಹೊಡಿಯಾಕ ನನ್ನ ತಮ್ಮ. ಒಟ್ಟು ಖರ್ಚು 6 ಲಕ್ಷ 40 ಸಾವಿರ, ಅದರಾಗ ಅರ್ಧಕ್ಕಿಂತ ಹೆಚ್ಚು ನನ್ನ ಬಂಗಾರ.

ಒಂದು ಶಾಟ್ ಬಗ್ಗೆ ಹೇಳತೀನಿ. ಫೆಬ್ರುವರಿ, ಮುಂಜಾನೆ ಏಳೂವರಿ. ಆಯಿ ಬುನಾದಿ ಮ್ಯಾಲ ನಿಂತು ಬಟ್ಟ ಮಾಡಿ ತೋರಸ್ತಾಳ, ಇದು ಪಡಸಾಲಿ, ಇದು ಅಡಗಿಮನಿ, ಇಲ್ಲಿ ಒಲಿ, ಇಲ್ಲಿ ನನ್ನ ಬಾಣಂತನ ಆತು. ನಾಕು ಮಿನಿಟಿನ ಶಾಟ್, ಒಂದೂ ಕಟ್ ಇಲ್ಲ. ಆಗ ಹಿಂದಿನ ಹಾದ್ಯಾಗ ಕಬ್ಬಿನ ಟ್ಯಾಕ್ಟರ್ ಬಂತು. ಎರಡು ಟ್ರೇಲರ್ ಹೇರು, ಮ್ಯಾಲ ದೊಡ್ಡ ದೊಡ್ಡ ಬಾಕ್ಸ್ ಕಟ್ಟಿ ಹಾಡ ಹಚ್ಚ್ಯಾರ. ನಿಮಗ ಗೊತ್ತೈತಲ್ಲ, ಕಾರ್ಖಾನಿ ಶುರು ಆದಮ್ಯಾಲ ನಮ್ಮ ಕಡೆ ಹಾದಿ ಎಲ್ಲಾ ಡಿಜೆ. ಸೌಂಡ್ ಹುಡುಗ ಹೆಡ್‌ಫೋನ್ ಕಿತ್ತೊಗದ. ನಾನು ಕಟ್ ಅನ್ನಬೇಕು, ಬಾಯಿ ಬರಲಿಲ್ಲ. ಯಾಕಂದ್ರ ಆಯಿ ಮಾತು ನಿಲ್ಲಿಸಿ ಆ ಟ್ಯಾಕ್ಟರ್ ನೋಡಕೋತ ನಿಂತಿದ್ಲು. ಅದು ಪೂರಾ ಹಾದು ಹೋಗೂತನಕ ನಿಂತ್ಲು. ಆಮ್ಯಾಲ ಕ್ಯಾಮೆರಾ ಕಡೆ ಹೊಳ್ಳಿ, 'ಹೋಗಲಿ ಬಿಡ, ಅವಕ್ಕೂ ಪಾಳೇ ಇರತಾವ' ಅಂದು ಮತ್ತ ಒಲಿ ಇದ್ದ ಜಾಗಕ್ಕ ಬಂದ್ಲು.

ಬೆಂಗಳೂರಿನ ಒಬ್ರು ವಿತರಕರು ಸಿನಿಮಾ ನೋಡಿ, ಆ ಟ್ಯಾಕ್ಟರ್ ತಗದು ಮ್ಯೂಸಿಕ್ ಹಾಕ್ರಿ ಅಂದ್ರು. ನಾ ಒಪ್ಪಲಿಲ್ಲ. ಕಡೀಕ ಒಂದು ಮಾಲ್‌ನಾಗ ಮಂಗಳವಾರ ಮುಂಜಾನೆ ಹತ್ತಕ್ಕ ಒಂದು ಶೋ ಸಿಕ್ತು. ಟಿಕೆಟ್ ತಗೊಂಡವರು ಏಳು ಮಂದಿ, ಅದರಾಗ ಐದು ನನ್ನ ಕಸಿನ್ಸ್. ಒಂಬತ್ತೂ ಮುಕ್ಕಾಲಕ್ಕ ಶೋ ಕ್ಯಾನ್ಸಲ್ ಅಂತ ಮೆಸೇಜ್ ಬಂತು. ಹಾರ್ಡ್ ಡಿಸ್ಕ್ ಈಗ ಜೋಳದ ಡಬ್ಬಿ ಮ್ಯಾಲಿನ ಕಪಾಟಿನ್ಯಾಗ ಐತಿ.

ಆದರೂ ಮಾಸ್ತರ್ರ, ಮಾಡಬ್ಯಾಡ್ರಿ ಅಂತ ನಾ ಹೇಳಂಗಿಲ್ಲ. ಒಂದ ಮಾತು, ಚಿತ್ರ ಮೊಬೈಲ್‌ನಾಗ ತಗದ್ರೂ ನಡೀತೈತಿ, ಸೌಂಡಿಗೆ ರೊಕ್ಕ ಉಳಸಬ್ಯಾಡ್ರಿ. ಮಂದಿ ಮಂಜ ಮಂಜ ಚಿತ್ರ ನೋಡ್ತಾರ, ಕೇಳದ ಮಾತು ಐದು ಮಿನಿಟು ತಡಕೊಳ್ಳಂಗಿಲ್ಲ.

ಮುಧೋಳ ಹುಡುಗ
ಅಕ್ಕಾರ, ಆ ಟ್ಯಾಕ್ಟರ್ ನಮ್ಮೂರದ್ದ ಇರಬೇಕ್ರಿ. ಕ್ಷಮಾ ಮಾಡ್ರಿ. ನಿಮ್ಮ ಸಿನಿಮಾ ನೋಡಬೇಕಾಗೇತಿ, ಲಿಂಕ್ ಐತೇನ್ರಿ?

ಹಿನ್ನೀರು
ಲಿಂಕ್ ಹಾಕಂಗಿಲ್ಲ ತಮ್ಮಾ. ಹತ್ತು ಮಂದಿ ಕೂಡಿದ್ರ ನಾನ ಡಿಸ್ಕ್ ತಗೊಂಡು ಬರತೀನಿ.

ಊರು ಬಿಟ್ಟಂವ
ಅಕ್ಕಾರ, ನಾ ನಿಮಗ ಅಂದಿದ್ದಲ್ರೀ. ಕಬ್ಬಿನ ಟ್ಯಾಕ್ಟರ್ ಉಳಿಸಿದ್ದು ಸರಿ. ನಾ ಎಡಿಟ್ ಮಾಡಿದ್ರೂ ಉಳಸ್ತಿದ್ದೆ.

ವಾಡೆ ಮನಿ
ಜಾನ್ ಬಗ್ಗೆ ಓದಿದ್ರೆ ಒಂದು ಹುಚ್ಚು ಹಿಡೀತದೆ. ಕುಡುಕ, ಅಲೆಮಾರಿ, ಜೇಬಿನಾಗ ದುಡ್ಡಿಲ್ಲ, ಯಾರ ಮನ್ಯಾಗೋ ನಿದ್ದಿ. ಜೀನಿಯಸ್‌ಗಳ ಜೀವನವೇ ಹಾಗೆ.

ಹಿನ್ನೀರು
ಇದಕ್ಕ ನನಗ ಸಿಟ್ಟ ಬರೂದು. ಕೋಝಿಕೋಡಿನ್ಯಾಗ ಒಂದು ಕಟ್ಟಡದ ಮ್ಯಾಲಿಂದ ಬಿದ್ದು ಸತ್ತ, ವಯಸ್ಸು 49. ಅದರಾಗ ಏನ್ ಜೀನಿಯಸ್ ಐತಿ? ಇನ್ನೂ ಹತ್ತು ವರ್ಷ ಬದುಕಿದ್ರ ಇನ್ನೆರಡು ಸಿನಿಮಾ ಇರತಿದ್ವು. ಹೆಂಗಸರು ಹಂಗ ಯಾರ್ಯಾರದೋ ಮನ್ಯಾಗ ಮಲಗಿ ಸಿನಿಮಾ ಮಾಡ್ತೀವಿ ಅಂದ್ರ ಊರ ಮಂದಿ ಜೀನಿಯಸ್ ಅಂತಾರೇನು? ಅವನ ಕುಡತ ಬಿಡ್ರಿ, ಅಂವ ರೊಕ್ಕ ಹೆಂಗ ಕೂಡಿಸಿದ ಅದನ್ನ ಮಾತಾಡ್ರಿ.

ನಿರ್ವಾಹಕ
ಅಕ್ಕಾರ ಮಾತಿಗೆ ನನ್ನ ಓಟು. ಕುಡಿತದ ಚರ್ಚೆ ಇಲ್ಲಿಗೆ ಸಾಕು.

ಡೋಣಿ ದಂಡಿ
ಅದನ್ನೇ ಹೇಳ್ಬೇಕಂತ ಮಾಡಿದ್ದೆ, ಮೊದಲಿಗೆ ಹೇಳೋದು ಬಿಟ್ಟು ಹೋಗಿತ್ತು. 1984ರಾಗ ಜಾನ್ ಮತ್ತವನ ಗೆಳೆಯರು ಕೋಝಿಕೋಡಿನ್ಯಾಗ 'ಒಡೆಸ್ಸಾ' ಅಂತ ಒಂದು ಗುಂಪು ಕಟ್ಟಿದ್ರು. ಪ್ರೊಡ್ಯೂಸರೇ ಬ್ಯಾಡ, ಸರಕಾರದ ಸಾಲನೂ ಬ್ಯಾಡ ಅಂದು ಊರೂರಿಗೆ ಹೋದ್ರು. ಡೋಲು ಬಡದು ಮಂದಿ ಕೂಡಿಸಿ, ಚಾಪ್ಲಿನ್ನಿನ 'ದಿ ಕಿಡ್' ತೋರಿಸಿ, 'ನಾವು ನಿಮ್ಮ ಸಿನಿಮಾ ಮಾಡ್ತೀವಿ, ಕೈಲಾದಷ್ಟು ಕೊಡ್ರಿ' ಅಂತ ಕೇಳಿದ್ರು. ಒಂದು ರೂಪಾಯಿ, ಎರಡು ರೂಪಾಯಿ, ಹಂಗ ಕೂಡಿದ ರೊಕ್ಕದಾಗ 'ಅಮ್ಮ ಅರಿಯಾನ್' ಆತು. ನಟರೂ ಬಹುತೇಕ ಊರ ಮಂದಿನೇ. ಆಮ್ಯಾಲ ಅದೇ ಊರುಗಳಿಗೆ ಹೊಳ್ಳಿ ಹೋಗಿ ತೋರಿಸಿದ್ರು. ಮುಂದ ಏನಾದೀತು ಅನ್ನೂದು ಬ್ಯಾರೆ. ಅದೊಂದೇ ಸಿನಿಮಾ ಮುಗದು ಮರುವರ್ಷ ಅವನೇ ಇಲ್ಲಂಗಾದ.

ಹೆಸರೂ ನೋಡ್ರಿ. 'ಅರಿಯಾನ್' ಅಂದ್ರ ಅರೀಲಿಕ್ಕೆ. ಅಮ್ಮ ಅರೀಲಿ ಅಂತ ಬರದ ಕಾಗದ. ನಮ್ಮ 'ಅರಿವು' ಇದ್ದದ್ದೇ ಅಲ್ಲಿನೂ.

ನಾಟಕ ಮಾಸ್ತರ (ಗುಳೇದಗುಡ್ಡ)
ಹಂಗಾದ್ರ ಜಾನ್ ಏನ್ ಹೊಸಾದ ಮಾಡಲಿಲ್ಲ ಬಿಡ್ರಿ. ಪಟ್ಟಿ (ವಂತಿಗೆ) ಎತ್ತಿದ. ನಮ್ಮ ಕಡೆ ಜಾತ್ರಿ, ಗುಡಿ, ನಾಟಕ ಯಾವುದು ಪಟ್ಟಿ ಇಲ್ಲದ ನಡದೈತಿ? ನಾನು ನಲವತ್ತು ವರ್ಷ ಹಳ್ಳಿ ಹಳ್ಳಿಗೆ ನಾಟಕ ಕಲಿಸೇನಿ. ಪೆಟ್ಟಿಗಿ ಮಾಸ್ತರಗ ಇಷ್ಟು, ಡ್ರಾಮಾ ಸೀನ್ಸ್ ಬಾಡಗಿ ಇಷ್ಟು, ಸ್ತ್ರೀ ಪಾತ್ರದವರಿಗೆ ಇಷ್ಟು, ಎಲ್ಲಾ ಪಟ್ಟಿ ಮ್ಯಾಲ. ಬನಶಂಕರಿ ಜಾತ್ರ್ಯಾಗ ಕಂಪನಿಗಳು ಒಂದರ ಮಗ್ಗಲಕ್ಕ ಒಂದು ಟೆಂಟ್ ಹಾಕ್ತಾವು, ಅವು ಟಿಕೀಟಿನ ಮ್ಯಾಲ ಬದುಕ್ತಾವು. ಸಬ್ಸಿಡಿ ಮ್ಯಾಲ ಅಲ್ಲ.

ಆದರ ಮಾಸ್ತರ, ಪಟ್ಟಿ ರೊಕ್ಕ ಬಲೇ ಪವಿತ್ರ ಅಂತ ತಿಳ್ಕೋಬ್ಯಾಡ್ರಿ. ಒಮ್ಮೆ ಹುನಗುಂದ ಕಡೆ ಒಂದು ಹಳ್ಳ್ಯಾಗ ನಾಟಕ. ಎಲ್ಲಾರಿಗಿಂತ ಹೆಚ್ಚು ಪಟ್ಟಿ ಕೊಟ್ಟಂವಗ ಗೌಡನ ಪಾತ್ರ ಬೇಕು. ಮಾತು ಬರಂಗಿಲ್ಲ, ದನಿ ಇಲ್ಲ, ಮೀಸಿ ಅಷ್ಟ ಚಲೋ ಇತ್ತು. ಕೊಟ್ಟೆ. ಸ್ಟೇಜಿನ ಮ್ಯಾಲ ಬಂದು ಮಾತು ಮರತು ಸುಮ್ಮ ನಿಂತ. ನಾ ಪರದೆ ಹಿಂದಿಂದ ಹೇಳಿ ಕೊಟ್ಟೆ, ಅಂವ ಕೇಳಸ್ಕೊಂಡು ಮೈಕಿನ್ಯಾಗ 'ಮಾಸ್ತರ, ಇನ್ನೊಮ್ಮೆ ಹೇಳ್ರಿ' ಅಂದ! ಮಂದಿ ಇಡೀ ರಾತ್ರಿ ನಕ್ರು. ಗೌಡನ ಸಾವು ಬಂದಾಗೂ ನಕ್ರು.

ಅದಕ್ಕ ಕೇಳ್ತೀನಿ. ಒಂದೊಂದು ರೂಪಾಯಿ ಕೊಟ್ಟ ಅಷ್ಟೂ ಮಂದಿ ಜಾನ್‌ಗ 'ಇಲ್ಲಿ ಒಂದು ಹಾಡ ಹಾಕು' ಅಂದ್ರ ಅಂವ ಏನ್ ಮಾಡ್ತಿದ್ದ?

ಪಾಲಿಸಿ ಕಾಕಾ
ಮಾಸ್ತರರು ಸರಿಯಾದ ಜಾಗಕ್ಕೇ ಕೈ ಹಾಕಿದರು. ನನ್ನ ಲೆಕ್ಕ ಹೀಗಿದೆ: ಒಬ್ಬನೇ ಆರು ಲಕ್ಷ ಕೊಟ್ಟರೆ ಅವನ ಮಾತು ಕೇಳಬೇಕಾಗುತ್ತದೆ. ಆರು ಸಾವಿರ ಜನ ನೂರು ನೂರು ಕೊಟ್ಟರೆ ಯಾರ ಮಾತನ್ನೂ ಪೂರ್ತಿ ಕೇಳಬೇಕಾಗಿಲ್ಲ, ಆದರೆ ಎಲ್ಲರಿಗೂ ಮುಖ ತೋರಿಸಬೇಕಾಗುತ್ತದೆ. ವಿಮೆಯ ತತ್ವವೇ ಅದು, ಹೊರೆಯನ್ನು ಹಂಚುವುದು. ಜಾನ್ ಬಳ್ಳಾರಿಯಿಂದ ಏನಾದರೂ ಕಲಿತು ಹೋಗಿದ್ದರೆ ಇದನ್ನೇ ಇರಬೇಕು. (ಇದು ನನ್ನ ಊಹೆ, ನಗಬೇಡಿ.)

ಕುಂದಾ ಪ್ರಿಯ
ಕಾಕಾ ರಿಟೈರ್ ಆದ್ರೂ ಪಾಲಿಸಿ ಮಾರೂದು ಬಿಡಂಗಿಲ್ಲ.

ಊರು ಬಿಟ್ಟಂವ
ಪಟ್ಟಿ ಎತ್ತೂದು ಚಲೋನ. ಒಂದು ತಿಳಕೋರಿ, ಮಂದಿಗೆ ಬಹಿರಂಗ ತೋರಸಬೇಕಂದ್ರ ಸೆನ್ಸಾರ್ ಸರ್ಟಿಫಿಕೇಟ್ ಬೇಕು, 1952ರ ಸಿನಿಮಾಟೋಗ್ರಾಫ್ ಕಾಯ್ದೆ. ಜಾತ್ರ್ಯಾಗ ಟೆಂಟ್ ಹಾಕಿದ್ರೂ ಬೇಕು. ಅದರ ಖರ್ಚು ಬಜೆಟ್ಟಿನ್ಯಾಗ ಮೊದಲ ಹಿಡೀರಿ. ಎಲ್ಲಾ ರೊಕ್ಕ ಶೂಟಿಂಗಿಗೇ ಸುರದು ಕಡೀಕ ನಮ್ಮ ಎಡಿಟಿಂಗ್ ರೂಮಿಗೆ ಬಂದು ಅಳತಾರ. ಅರ್ಧ ಶೂಟಿಂಗಿಗೆ, ಉಳದದ್ದು ಆಮ್ಯಾಲಿನ ಕೆಲಸಕ್ಕ. ಮತ್ತ ಮಾಸ್ತರ, ನಿಮ್ಮ ಸ್ಕ್ರಿಪ್ಟ್ ಏನು? ಅದನ್ನ ಯಾರೂ ಕೇಳಲೇ ಇಲ್ಲಲ್ಲ!

ಡೋಣಿ ದಂಡಿ
ನೀವಾದ್ರೂ ಕೇಳಿದ್ರಿ. ನಮ್ಮ ಊರಾಗ ದ್ರಾಕ್ಷಿ ತೋಟದ ಸಾಲಾ ಮಾಡಿ, ಮಂದಿಗೆ ಮಾರಿ ತೋರಸಲಾಗದ ರಾತ್ರೋ ರಾತ್ರಿ ಊರು ಬಿಟ್ಟು ಹೋದಂವ ಒಬ್ಬ ಇದ್ದ. ಎಂಟು ವರ್ಷಕ್ಕ ಹೊಳ್ಳಿ ಬಂದ. ಬಂದ ದಿನ ಮನಿಗೆ ಹೋಗ್ಲಿಲ್ಲ, ಸಾಲಾ ಕೊಟ್ಟವರ ಮನಿ ಮನಿಗೆ ಹೋಗಿ ಕಟ್ಟಿ ಮ್ಯಾಲ ಒಂದೊಂದು ತಾಸು ಸುಮ್ಮ ಕುಂತು ಎದ್ದು ಬಂದ. ಏನೂ ಮಾತಾಡಲಿಲ್ಲ. ಆ ಒಂದು ದಿನ ಅಷ್ಟೇ ಸಿನಿಮಾ. ಹದಿನಾಕು ಮನಿ, ಹದಿನಾಕು ಕಟ್ಟಿ. 'ಅಮ್ಮ ಅರಿಯಾನ್' ನೋಡೋ ಮುಂದ ಎದಿ ಝಲ್ ಅಂತು, ನನ್ನ ಸ್ಕ್ರಿಪ್ಟೂ ಮನಿ ಮನಿ ಬಾಗಲಾನೇ ಅಂತ.

ಹಿನ್ನೀರು
ಇದನ್ನ ಮೊದಲ ಬರಿಯೂದ ಬಿಟ್ಟು ಪತ್ರಾಸಿನ ಸುದ್ದಿ ಬರದ್ರಲ್ಲ ಮಾಸ್ತರ್ರ. ಸೌಂಡು ನನ್ನ ಹುಡುಗನ್ನ ಕಳಸ್ತೀನಿ. ಅವನ ಊಟಾ ವಸ್ತಿ ನೋಡ್ಕೋರಿ ಸಾಕು.

ನಾಟಕ ಮಾಸ್ತರ
ಹದಿನಾಕು ಕಟ್ಟಿ ಅಂದ್ರ ಹದಿನಾಕು ದಿನ ಹಿಡೀಬ್ಯಾಡ್ರಿ. ಒಂದ ಓಣ್ಯಾಗ ನಾಕು ಕಟ್ಟಿ ಸಿಗತಾವು, ಬಾಗಲಕ್ಕ ಬ್ಯಾರೆ ಬ್ಯಾರೆ ಬಣ್ಣ ಹಚ್ರಿ. ನಾಟಕದಾಗ ಒಂದ ಪರದೆ ಅರಮನಿನೂ ಆಗತೈತಿ, ಅಡವಿನೂ ಆಗತೈತಿ. ಸಾಲಾ ಕೊಟ್ಟಂವನ ಪಾತ್ರ ನನಗೊಂದು ಇಡ್ರಿ. ಮಾತಿಲ್ಲ ಅಂದ್ರಲ್ಲ, ಮರಿಯೂ ಚಿಂತಿ ಇಲ್ಲ.

ಮುಧೋಳ ಹುಡುಗ
ಸರ್ ನಮ್ಮ ಕ್ಯಾಮೆರಾ ಸೋಮವಾರದಿಂದ ಗುರುವಾರತನಕ ಖಾಲಿ ಇರತೈತ್ರಿ. ಬಾಡಗಿ ಬ್ಯಾಡ. ಹೆಸರಿನ್ಯಾಗ ನಮ್ಮ ಚಾನಲ್ ಹಾಕ್ರಿ ಸಾಕು. ಟ್ಯಾಕ್ಟರ್ ಮಾತ್ರ ನಿಲ್ಲಸಾಕ ಆಗಂಗಿಲ್ರಿ.

ಪಾಲಿಸಿ ಕಾಕಾ
ನನ್ನ ಪಟ್ಟಿ 501 ಬರೆದುಕೊಳ್ಳಿ. ಹಾಡು ಕೇಳುವುದಿಲ್ಲ.

ಡೋಣಿ ದಂಡಿ
ಕಾಕಾ, ನಿಮ್ಮ 501 ಮೊದಲನೇ ಪಟ್ಟಿ. ದೀಪಾವಳಿ ಸೂಟಿ, ಆಮ್ಯಾಲ ಡಿಸೆಂಬರಿನ ಒಂದು ವಾರದ ರಜಾ. ನೌಕರಿ ಬಿಡಂಗಿಲ್ಲ. ಪತ್ರಾಸ ಮುಂದಿನ ತಿಂಗಳ ಪಗಾರದಾಗ ಹಾಕಸ್ತೀನಿ ಅಂತ ಮನ್ಯಾಗ ಹೇಳೀನಿ. 'ಹಂಗಾದ್ರ ನಂದೂ 101 ಬರ್ಕೋರಿ' ಅಂದ್ಲು. ಅಕ್ಕಾರ, ಮುಂದಿನ ಐತವಾರ ನಿಮ್ಮ ಡಿಸ್ಕ್ ತಗೊಂಡು ಬರ್ರಿ. ಹತ್ತು ಮಂದಿ ಆಗ್ತೀವಿ. ಮಲಗೋ ಮೂರು ಮಂದಿನ್ನ ಮುಂದಿನ ಸಾಲಿಗೆ ಕೂಡಸ್ತೀನಿ.

ಒಂದೇ ತೊಂದರೆ, ಪಟ್ಟಿಗೆ ರಸೀದಿ ಪುಸ್ತಕ ಇಲ್ಲ. ನಮ್ಮ ಓಣಿ ಗಣಪತಿದು ಹೋದ ವರ್ಷದ್ದು ಅರ್ಧ ಉಳದದ, ಮ್ಯಾಲ ಗಣಪ್ಪನ ಫೋಟೋ ಅದ. ಅದರಾಗೇ ಹರೀಲೇನ್ರಿ?

ಕುಂದಾ ಪ್ರಿಯ
ಹರೀರಿ. ನಂಗೂ ಒಂದು. 201.